ಬಾಟಲಿಯೊಳಗಿನ ಸೇಬು

ಸೇಬಿನ ಬ್ರಾಂದಿಯ ವಿಷಯದಲ್ಲಿ ಸಾಣಾಪುರದ ಗೈಡ್ ಲಕ್ಷ್ಮಣಪ್ಪನನ್ನು ಮೀರಿಸುವವನು ಭೂಮಂಡಲದಲ್ಲೇ ಹುಟ್ಟಿರಲಿಲ್ಲ. ಮುಚ್ಚಿದ ಬಾಟಲಿಯನ್ನು ಮೂಸಿ, ಅದು ಯಾವ ದೇಶದ್ದು, ಯಾವ ಮರದ್ದು, ಹಣ್ಣು ಕಿತ್ತವಳು ಎಡಚಿಯೋ ಅಲ್ಲವೋ ಎಂದೂ ಹೇಳಿಬಿಡುತ್ತಿದ್ದ. ಒಮ್ಮೆ ಅವನು ಜೋರಾಗಿ ಮೂಸಿದ ರಭಸಕ್ಕೆ ಸಾಣಾಪುರದ ಕೆರೆ ಒಂದಾಳು ಇಳಿದಿತ್ತಂತೆ. ಅಳೆದವನೂ ಅವನೇ.

ಅಂಥವನ ಕಣ್ಣೆದುರಿಗೇ ಆ ಬೆಳಿಗ್ಗೆ ಕಳಕಮ್ಮನ ಹೋಮ್‌ಸ್ಟೇಯ ಕಪಾಟಿನಲ್ಲಿ ಮೂರು ಬಾಟಲಿ ಬರಿದಾಗಿ ನಿಂತಿದ್ದವು!

ಪುಣೆಯ ಅತಿಥಿಯೊಬ್ಬ ಜೋಪಾನವಾಗಿಡಿ ಎಂದು ಕೊಟ್ಟುಹೋದ ಬಾಟಲಿಗಳು. ಅವನು ಅಂದೇ ಸಂಜೆ ಗೆಳೆಯರೊಂದಿಗೆ ಬರುವವನಿದ್ದ. ಒಂದೊಂದನ್ನೂ ಕುಡಿದು ರುಚಿಯ ಭೇದ ಹೇಳುವವನು — ಮತ್ತಾರು? — ಲಕ್ಷ್ಮಣಪ್ಪ.

ಕಳಕಮ್ಮ ಅಡುಗೆಯ ಯಮನೂರನ ಮೇಲೆ ಹರಿಹಾಯ್ದಳು.

"ಕಪಾಟಿನ ಕೀಲಿ ಇರೋದು ನಿನ್ನ ಕಡೆ, ಲಕ್ಷ್ಮಣಪ್ಪನ ಕಡೆ. ದಿನಾ ಸಂಜೀಕ ಕುಡಿಯಾಂವ ನೀನು! ನಡೀ ಹೊರಗ!"

"ಕುಡೀತೀನ್ರಿ, ಖರೇ. ನನ್ನ ರೊಕ್ಕದಾಗ ಕುಡೀತೀನಿ. ಕದ್ದು ಕುಡಿಯಾಂವ ಅಲ್ಲ!" ಯಮನೂರ ಸೌಟನ್ನು ನೆಲಕ್ಕೆ ಬಡಿದ.

"ಬಾಟ್ಲಿ ಕಂಡ್ರ ಇವ ಬಿಡಾಂವ ಅಲ್ರಿ," ಎಂದು ಲಕ್ಷ್ಮಣಪ್ಪನೂ ದನಿಗೂಡಿಸಿದ.

ಅಲ್ಲೇ ಕೋಣೆ ಗುಡಿಸುತ್ತಿದ್ದ ಯಮನೂರನ ಹೆಂಡತಿ ದುರಗಮ್ಮ ಕಸಬರಿಗೆ ಎಸೆದಳು. "ಕುಡುಕನ ಜೋಡಿ ಬಾಳ್ವೆ ಮಾಡೀನಿ. ಕಳ್ಳನ ಜೋಡಿ ನನ್ನಿಂದ ಆಗೂದಿಲ್ಲ!" ಚೀಲ ಹೆಗಲಿಗೇರಿಸಿ, ಯಲಬುರ್ಗಾದ ತವರಿಗೆ ಬಸ್ಸು ಹಿಡಿಯಲು ಹೊರಟೇಬಿಟ್ಟಳು.

ಗಂಗಾವತಿಯಿಂದ ಬಂದಿದ್ದ ಕಳಕಮ್ಮನ ಗೆಳತಿ, ನಿವೃತ್ತ ಹೆಡ್ ಕಾನ್‌ಸ್ಟೇಬಲ್ ಅಫ್ಸಾನಾ, ಎದ್ದು ಬಾಟಲಿಗಳ ಬಳಿ ಬಂದಳು.

"ಲಕ್ಷ್ಮಣಪ್ಪಾ, ಇವು ಏನೇನು?"

ಕೇಳಿದ್ದೇ ತಡ! "ಇದು ಸ್ಪೇನಿಂದು — ಒಂದು ಗುಟುಕು ಹಾಕಿದ್ರ ಸತ್ತ ಎತ್ತು ಎದ್ದು ಕುಣೀತೈತ್ರಿ. ಇದು ಅಮೆರಿಕದ್ದು — ಹುಳಿಬಂದ ಸೇಬಿನ ರಸಾನ ಹಿಂದಿನ ಮಂದಿ ಚಳಿಗಾಲದಾಗ ಹೊರಗಿಟ್ಟು, ಕಟ್ಟಿದ ಬರ್ಫ ತಗದ ಒಗದು, ಉಳದದ್ದು ಕುಡೀತಿದ್ರು. ಇದು ಫ್ರಾನ್ಸಿನ ನಾರ್ಮಂಡಿದು, ಎಲ್ಲಾದಕೂ ಹಿರೀದು. ಟೊಂಗಿಗೆ ಬಾಟ್ಲಿ ಕಟ್ತಾರ, ಕಾಯಿ ಒಳಗ ಬೆಳದು ಹಣ್ಣಾಗತೈತಿ. ಆಮ್ಯಾಲೆ ಬ್ರಾಂದಿ ತುಂಬ್ತಾರ."

ನಿಜ. ಆ ಬಾಟಲಿಯೊಳಗೆ ಮುಷ್ಟಿಗಾತ್ರದ ಇಡೀ ಸೇಬು ಕೂತಿತ್ತು.

"ಎಷ್ಟು ಕುಡದೀಪಾ ಇದನ್ನ?"

"ಹಂಡೆಗಟ್ಟಲೆ!"

ಅಫ್ಸಾನಾ ಬಚ್ಚಲಿಗೆ ಹೋಗಿ ಬಂದಳು. ಸೇಬಿನ ಬಾಟಲಿಯನ್ನು ಅಲುಗಿಸಿದಳು — ಗುಳುಗುಳು! ಹಣ್ಣಿನ ಮರೆಯಲ್ಲಿ ಇನ್ನೂ ಬ್ರಾಂದಿಯಿತ್ತು. ಮೆಲ್ಲಗೆ ಓರೆ ಮಾಡಿ ಎರಡು ಲೋಟಕ್ಕೆ ಬಗ್ಗಿಸಿದಳು.

"ಇಬ್ರೂ ಕುಡೀರಿ."

ಯಮನೂರ ಕುಡಿಯುವವರ ವಾಡಿಕೆಯಂತೆ ಉಂಗುರದ ಬೆರಳು ಅದ್ದಿ, ನೆಲಕ್ಕೆ ಎರಡು ಹನಿ ಚಿಮುಕಿಸಿ, ಗುಟುಕರಿಸಿದ. ಲಕ್ಷ್ಮಣಪ್ಪ ಮಜ್ಜಿಗೆ ಎತ್ತಿದಂತೆ ಎತ್ತಿದ. ಕಣ್ಣು ಮೇಲಾಯಿತು. ಕೆಮ್ಮಿ ಕೆಮ್ಮಿ ಗೋಡೆ ಹಿಡಿದ.

"ಕಳಕಮ್ಮಾ, ಬ್ರಾಂದಿ ಯಾರೂ ಕುಡದಿಲ್ಲ, ಚೆಲ್ಲ್ಯಾರ," ಎಂದಳು ಅಫ್ಸಾನಾ. "ಬಚ್ಚಲ ಮೋರಿ ಇನ್ನೂ ಘಮ್ಮಂತೈತಿ. ಕುಡಿಯಾಂವ ಬಾಟ್ಲಿ ಓರೆ ಮಾಡಿ ಕಡೀ ಹನಿ ತನಕ ಇಳಸ್ಕೋತಾನ. ಇದನ್ನ ಗಡಿಬಿಡಿಲೆ ತಲಿಕೆಳಗ ಹಿಡದಾರ. ಸೇಬು ಬಂದು ಬಾಯಿಗೆ ಬಿರಡಿ ಹಂಗ ಕುಂತೈತಿ, ಉಳದದ್ದು ಒಳಗ ಉಳದೈತಿ. ಯಮನೂರ ಇದನ್ನ ಚೆಲ್ತಾನೇನು? ಸಂಜೀಕ ಬಾಟ್ಲಿ ತಗದಿದ್ರ ಯಾರ ಮಾನ ಹೋಗ್ತಿತ್ತು? ಹನಿ ಮುಟ್ಟದ, ಹಂಡೆಗಟ್ಟಲೆ ಕುಡದೀನಿ ಅಂತ ಸಾರಿದಾಂವಂದು!"

ಯಮನೂರ ಲಕ್ಷ್ಮಣಪ್ಪನ ಕೊರಳಪಟ್ಟಿ ಹಿಡಿದ. "ಹೆಂಡ್ತಿ ಬಿಟ್ಟು ಹೋದ್ಲಲ್ಲೋ ನನ್ನ! ಫೋನ್ ಹಚ್ಚು. ನಿನ್ನ ಬಾಯಿಲೆ ಹೇಳು!"

ಬಸ್ಸಿನ ಗದ್ದಲದ ನಡುವೆ ದುರಗಮ್ಮನ ದನಿ: "ಯಾರು?"

"ನಾ ಲಕ್ಷ್ಮಣಪ್ಪ, ತಂಗೀ. ಏನಾತಂದ್ರ, ಫ್ರಾನ್ಸಿನ ರಾಜ ಒಮ್ಮೆ ನನ್ನ ಕರದು—"

ಹಿಡಿತ ಬಿಗಿಯಾಯಿತು.

"—ಇಲ್ಲವ್ವಾ. ಯಾವ ರಾಜನೂ ಇಲ್ಲ. ಎಲ್ಲಾ ಫೋನಿನಾಗ ನೋಡಿ ಕಲ್ತದ್ದು. ಈಗ ಕುಡದದ್ದ ನನ್ನ ಮೊದಲನೇ ಗುಟುಕು. ಬಾಟ್ಲಿ ಚೆಲ್ಲಿದಾಂವ ನಾನ. ನಿನ್ನ ಗಂಡ ಕಳ್ಳ ಅಲ್ಲ."

ಆಚೆಯಿಂದ ಹರಿತವಾದ ದನಿ ಬಂತು:

"ಸ್ಪೀಕರ್ ಹಾಕೀನಿ. ಇನ್ನೊಮ್ಮೆ ಅನ್ನು, ಜೋರಲೆ. ಬಸ್ಸಿನ ಮಂದಿ ಎಲ್ಲಾ ಕೇಳ್ಲಿ."

ಲಕ್ಷ್ಮಣಪ್ಪ ಇನ್ನೊಮ್ಮೆ ಅಂದ. ಒಂದು ಮಾತೂ ಹೆಚ್ಚಿಗೆ ಸೇರಿಸಲಿಲ್ಲ.