ಹನ್ನೊಂದು ರಿಂಗಿನ ಕರ್ಟನ್

ನುಸ್ರತ್ ಬೇಕೆಂದೇ ಹನ್ನೊಂದು ರಿಂಗ್ ಹಾಕಿದ್ದಳು.

ಕರ್ಟನ್ ಹೊಲಿಯುವವರಿಗೆಲ್ಲ ಗೊತ್ತು, ಬಟ್ಟೆಯ ಮೇಲಂಚಿನ ರಿಂಗ್‌ಗಳು ಸಮಸಂಖ್ಯೆಯಲ್ಲಿರಬೇಕು, ಹತ್ತು ಇಲ್ಲವೇ ಹನ್ನೆರಡು. ಆಗ ರಾಡಿಗೆ ಪೋಣಿಸಿದರೆ ಎರಡೂ ಅಂಚುಗಳು ಗೋಡೆಯ ಕಡೆ ತಿರುಗಿ ತೆಪ್ಪಗೆ ನಿಲ್ಲುತ್ತವೆ. ಹನ್ನೊಂದಾದರೆ ಒಂದು ಅಂಚು ಕೋಣೆಯ ಕಡೆ ಹೊರಳಿ, ಒಳಮೈಯ ಹೊಲಿಗೆಯನ್ನೆಲ್ಲ ತೋರಿಸುತ್ತದೆ. ಎಷ್ಟು ತಿದ್ದಿದರೂ ಕೇಳುವುದಿಲ್ಲ. ಕಡಬದ ಈ ಹೊಸ ಮನೆಯ ಹಾಲ್‌ನಲ್ಲಿ ಕೂತು ಫಾರಿಸ್ ದಿನವೂ ಅದನ್ನು ನೋಡಬೇಕು. ಯಾಕೆ ಹೀಗೆ ಎಂದು ತಿಳಿಯದೆ ಒದ್ದಾಡಬೇಕು.

ಎರಡು ವರ್ಷದ ಹಿಂದೆ ಅವನು ಹೆಣ್ಣು ನೋಡಲು ಪುತ್ತೂರಿನ ಅವಳ ಮನೆಗೆ ಬಂದಿದ್ದ. ಶರಬತ್ತಿನ ಗ್ಲಾಸಿನ ಮೇಲಿಂದ ಮೂರು ಸಲ ನೋಡಿದ್ದ, ಅವಳು ಎಣಿಸಿದ್ದಳು. ಮೂರನೆಯ ಸಲ ಅವನು ನಕ್ಕಾಗ ಅವಳೂ ನಕ್ಕಿದ್ದಳು. ಆಗಲೇ ಅವನ ಮಾಮ ಆದಂ ಕುಂಞಿ ಎಲ್ಲರೆದುರು ಕೇಳಿದ್ದರು, "ಶಾರ್ಜಾದಲ್ಲಿ ಮ್ಯಾನೇಜರ್ ಆಗಿರುವ ಹುಡುಗನಿಗೆ ಕರ್ಟನ್ ಹೊಲಿಯುವ ಹುಡುಗಿ ಆಗುದಾ ಮಾರಾಯ್ರೆ?"

ಫಾರಿಸ್ ತಲೆ ತಗ್ಗಿಸಿ ಶರಬತ್ತು ಕುಡಿದು ಮುಗಿಸಿದ್ದ. ಅಷ್ಟೇ. ಸಂಬಂಧ ಅಲ್ಲಿಗೇ ಮುರಿದಿತ್ತು. ಆ ಮಾತನ್ನು ಮರೆತರೂ ಮರೆಯಬಹುದಿತ್ತು, ಅವಳಿಗೆ ಮರೆಯಲಾಗದ್ದು ಆ ನಗು.

ಮೊನ್ನೆ ಅವನ ತಾಯಿ ಝೈನಬ ಹೊಸ ಮನೆ ಸೇರುವ ಒಕ್ಕಲಿಗೆಂದು ಅಳತೆಯ ಚೀಟಿ ಹಿಡಿದು ಅವಳ ಅಂಗಡಿಗೆ ಬಂದರು. ಹೆಣ್ಣು ನೋಡುವ ದಿನ ಜ್ವರವೆಂದು ಅವರು ಬಂದಿರಲಿಲ್ಲ, ಹಾಗಾಗಿ ಇವಳ ಗುರುತು ಸಿಗಲಿಲ್ಲ. ಚೀಟಿಯಲ್ಲಿ ಫಾರಿಸ್‌ನ ಹೆಸರು ನೋಡಿ ನುಸ್ರತ್ ಹೇಳಿದಳು, "ನಾನೇ ಬಂದು ಹಾಕಿ ಕೊಡ್ತೇನೆ."

ಈಗ ಅವಳು ಸ್ಟೂಲಿನ ಮೇಲೆ. ಕೆಳಗೆ ಅವನು.

"ಸ್ಟೂಲ್ ಹಿಡ್ಕೊಳ್ಳಲಾ?"

"ಬೇಡ. ನಿಮ್ಮನ್ನು ನಂಬಿದವರು ಬೀಳುದೇ."

ಅವನು ಹಿಡಿದುಕೊಂಡೇ ನಿಂತ. ಅವಳು ರಾಡ್ ಕೂರಿಸಿ ಕರ್ಟನ್ ಎಳೆದಳು. ಎಡದ ಅಂಚು ಅವಳು ಅಂದುಕೊಂಡಂತೆಯೇ ಹೊರಳಿ ನಿಂತಿತು. ಎದೆಗೆ ತಂಪೆನಿಸಿತು.

"ಚಂದ ಉಂಟು," ಎಂದರು ಚಹಾ ಕುಡಿಯುತ್ತಿದ್ದ ಆದಂ ಕುಂಞಿ.

ಫಾರಿಸ್ ತಲೆ ಎತ್ತಿದ. ರಿಂಗ್‌ಗಳ ಉದ್ದಕ್ಕೂ ಅವನ ಕಣ್ಣು ಸರಿಯಿತು, ತುಟಿ ಅಲುಗಿತು.

"ಹನ್ನೊಂದು," ಎಂದ ಮೆಲ್ಲಗೆ. "ಬೇಕಂತ ಮಾಡಿದ್ದು ಅಲ್ವಾ?"

ಅವಳು ಸ್ಟೂಲಿನಿಂದ ಇಳಿದಳು. "ಮ್ಯಾನೇಜರಿಗೆ ಇದೆಲ್ಲ ಹೇಗೆ ಗೊತ್ತು?"

ಅವನ ಕಿವಿ ಕೆಂಪಾಯಿತು. "ನಾನು ಮ್ಯಾನೇಜರ್ ಅಲ್ಲ ನುಸ್ರತ್. ಆರು ವರ್ಷ ಶಾರ್ಜಾದಲ್ಲಿ ಮನೆಮನೆಗೆ ಹೋಗಿ ಕರ್ಟನ್ ಹಾಕಿದ್ದು. ಅವತ್ತು ಬಾಯಿ ಬಿಟ್ಟಿದ್ರೆ ಮಾಮನ ಸುಳ್ಳು ಹೊರಗೆ ಬರ್ತಿತ್ತು."

ಅವಳ ಸಿಟ್ಟು ಇಳಿಯುವ ಬದಲು ಇಮ್ಮಡಿಯಾಯಿತು. ತನ್ನದೇ ಕೆಲಸ ಮಾಡುವವನು ಆ ಕೆಲಸದ ಹೆಸರಿನಲ್ಲೇ ತನ್ನನ್ನು ಬಿಟ್ಟುಹೋಗಿದ್ದ!

"ಇಷ್ಟು ಮೆಲ್ಲ ಹೇಳಿದ್ರೆ ನನಗೆ ಕೇಳುದಿಲ್ಲ. ನನ್ನನ್ನು ಬೇಡ ಅಂದದ್ದು ಎಲ್ಲರೆದುರು. ಇದನ್ನೂ ಹಾಗೇ ಹೇಳಿ."

ಅವನು ಬೇಡುವವನಂತೆ ನೋಡಿದ. ಅವಳು ಹುಬ್ಬು ಮಾತ್ರ ಏರಿಸಿದಳು. ಅವನು ಉಸಿರೆಳೆದುಕೊಂಡು ತಿರುಗಿದ.

"ಮಾಮ, ನನ್ನನ್ನು ಮ್ಯಾನೇಜರ್ ಅಂತ ಇನ್ನು ಯಾರಿಗೂ ಹೇಳ್ಬೇಡಿ. ನಾನು ಕರ್ಟನ್ ಹಾಕುವವ. ಆ ಸುಳ್ಳು ಕಾಪಾಡ್ಲಿಕ್ಕೆ ಹೋಗಿ ಈ ಹುಡುಗಿಯನ್ನು ಕಳ್ಕೊಂಡೆ."

"ಮೆಲ್ಲ ಮಾರಾಯ! ನೆರೆಕರೆಯವರು ಕೇಳ್ತಾರೆ!"

"ಕೇಳಲಿ."

ಝೈನಬ ಸಟ್ಟುಗ ಹಿಡಿದೇ ಅಡುಗೆಮನೆಯಿಂದ ಹೊರಬಂದರು. "ಆ ಹುಡುಗಿ ಇವಳಾ? ಕಡಬದಲ್ಲೇ ಹೊಲಿಸುವ ಅಂತ ನಾನು ಹೇಳಿದ್ರೆ, 'ಬೇಡ ಉಮ್ಮ, ಪುತ್ತೂರಿನ ಈ ಅಂಗಡಿಗೇ ಹೋಗಿ' ಅಂತ ನೀನು ಚೀಟಿ ಬರೆದು ಕೊಟ್ಟದ್ದು ಇದಕ್ಕಾ?"

ಫಾರಿಸ್ ಆಗಲೇ ಕರ್ಟನ್ನಿನ ಹೊರಳಿದ ಅಂಚನ್ನು ಕೈಯಲ್ಲಿ ಹಿಡಿದು ನೋಡುತ್ತಿದ್ದ. ಅವನ ಬೆರಳು ಒಂದು ಕಡೆ ನಿಂತಿತು.

"ಇಲ್ಲಿ ಒಳಗೆ ಆರು ಇಂಚು ಬಟ್ಟೆ ಮಡಚಿಟ್ಟಿದ್ದೀರಿ. ಅದೂ ಕಚ್ಚಾ ಹೊಲಿಗೆ, ಎಳೆದ್ರೆ ಬಿಚ್ಚಿ ಬರ್ತದೆ. ಹನ್ನೆರಡನೇ ರಿಂಗಿಗೆ ಜಾಗ ಬಿಟ್ಟದ್ದಾ?"

ಎರಡು ವರ್ಷ ಎಲ್ಲದಕ್ಕೂ ಉತ್ತರ ಜೋಡಿಸಿಟ್ಟಿದ್ದ ನುಸ್ರತ್ ಚೀಲಕ್ಕೆ ಕೈ ಹಾಕಿದಳು. ಹನ್ನೆರಡನೇ ರಿಂಗ್ ಹೊರತೆಗೆದಳು. ಅವನು ಕೈ ಚಾಚಿದ. ಅವಳು ಮುಷ್ಟಿ ಬಿಗಿದಳು.

"ಮಾಮನನ್ನು ಕರ್ಕೊಂಡು ಪುತ್ತೂರಿಗೆ ಬನ್ನಿ. ಅವತ್ತಿನ ಅದೇ ಕುರ್ಚಿಯಲ್ಲಿ ಕೂತು ಅವರೇ ಕೇಳ್ಬೇಕು, ನಮ್ಮ ಕರ್ಟನ್ ಹಾಕುವ ಹುಡುಗನಿಗೆ ನಿಮ್ಮ ಹುಡುಗಿಯನ್ನು ಕೊಡ್ತೀರಾ ಅಂತ. ಆಮೇಲೆ ರಿಂಗ್."

"ಅಷ್ಟರವರೆಗೆ ಇದು ಹೀಗೇ ಇರುದಾ?" ಆದಂ ಕುಂಞಿಗೆ ಗಾಬರಿ. "ಶುಕ್ರವಾರ ಒಕ್ಕಲು! ಊರಿಡೀ ಬರ್ತದೆ!"

"ಹಾಗಾದ್ರೆ ಗುರುವಾರದೊಳಗೆ ಬನ್ನಿ."

ಫಾರಿಸ್ ನಕ್ಕ, ಎರಡು ವರ್ಷದ ಹಿಂದಿನ ಅದೇ ನಗು. ನುಸ್ರತ್ ನಗಲಿಲ್ಲ. ಪುತ್ತೂರಿನ ಬಸ್ಸಿನಲ್ಲಿ ಕಿಟಕಿಯ ಪಕ್ಕ ಸೀಟು ಸಿಗುವವರೆಗೂ ನಗು ತಡೆದುಕೊಂಡಳು.