ಹೊಸ್ತಿಲ ಕೆಳಗಿನ ಕೀಲಿ

"ಅಮಾಸಿ ತನಕ ತಡೀರಿ ಬಾಯಾರ. ಕೀಲಿ ತಗಿಯೂತನ ಕೇಸ್ ಹಿಂದ ತಗೋಬ್ಯಾಡ್ರಿ."

ಹುಬ್ಬಳ್ಳಿಯಿಂದ ರೋಣಕ್ಕೆ ಬಂದು ಆಗಷ್ಟೇ ವಕೀಲಿ ಶುರುಮಾಡಿದ್ದ ಪ್ರಣೀತಾ ನಕ್ಕುಬಿಟ್ಟಳು. ನಗುವವರಿಗೇನು, ನಗುತ್ತಾರೆ. ಎದುರಿಗೆ ನಿಂತ ಕಕ್ಷಿದಾರಳು, ವಿಧವೆ ಮಾನವ್ವ, ಮುಗಿದ ಕೈ ಇಳಿಸಲಿಲ್ಲ. ಮೈದುನ ದ್ಯಾಮಪ್ಪ ಮನೆಯಿಂದ ಹೊರಹಾಕುತ್ತಾನೆಂದು ಹೆದರಿ ದಾವೆ ಹೂಡಿ ತಡೆಯಾಜ್ಞೆ ತಂದಿದ್ದಳು. ಅಷ್ಟಕ್ಕೇ ಸುಮ್ಮನಿರದೆ ಗಜೇಂದ್ರಗಡದ ಮಂತ್ರವಾದಿಯಿಂದ ಅವನ ಬಾಯಿಯನ್ನೂ ಕಟ್ಟಿಸಿದ್ದಳು. ಅವನ ಹೆಸರು ಹೇಳಿ ಹಾಕಿದ ಕೀಲಿ, ಅಂದರೆ ಬೀಗ, ಕೀಲಿಕೈಯ ಸಮೇತ, ಅವಳ ಅಡುಗೆಮನೆಯ ಹೊಸ್ತಿಲ ಕೆಳಗೆ ಹುಗಿದಿತ್ತು. ಅದನ್ನು ಅಮಾವಾಸ್ಯೆಯಂದೇ ತೆಗೆಯಬೇಕಂತೆ. ಅಂದಿನಿಂದ ದ್ಯಾಮಪ್ಪ ತುಟಿ ಎರಡು ಮಾಡಿರಲಿಲ್ಲ.

"ಬಾಯಿ ಕಟ್ಟಿಸಿದ್ರಿ, ಕೈ ಬಿಟ್ರಿ. ತಕರಾರು ಬರದ ಕೊಟ್ಟಾನಲ್ಲ?"

ತಕರಾರು ಗಟ್ಟಿಯಾಗಿಯೇ ಇತ್ತು. ಪಾಲುದಾರಳಾದ ನಾದಿನಿಯನ್ನು ದಾವೆಯಲ್ಲಿ ಸೇರಿಸಿರಲಿಲ್ಲ, ಮನೆಯ ನಾಲ್ಕು ದಿಕ್ಕಿನ ಚಕ್ಕುಬಂದಿಯೂ ತಪ್ಪಾಗಿತ್ತು. ಹಿಂದಕ್ಕೆ ಪಡೆದು, ತಿದ್ದಿ, ಹೊಸದಾಗಿ ಹೂಡುವುದೇ ದಾರಿ. ಆದರೆ ಹಾಗೆ ಹೂಡಲು ಕೋರ್ಟಿನ ಅನುಮತಿ ಕೇಳಲೇಬೇಕು. ಕೇಳದೆ ಹಿಂದೆ ಪಡೆದರೆ ಆ ಮನೆಗಾಗಿ ಮತ್ತೆಂದೂ ಕೋರ್ಟಿಗೆ ಬರುವಂತಿಲ್ಲ. ಪ್ರಣೀತಾ ಆ ಕೋರಿಕೆಯನ್ನು ಅರ್ಜಿಯಲ್ಲಿ ಬರೆಯುವ ಗೋಜಿಗೆ ಹೋಗಲಿಲ್ಲ. ಬಾಯಲ್ಲಿ ಕೇಳಿದರಾಯಿತು ಎಂದುಕೊಂಡಳು. ಬಾಯಿಯ ಮೇಲೆ ಅಷ್ಟು ಭರವಸೆ, ಪಾಪ.

"ಕೇಸ್ ಬಿಟ್ರ ಕೀಲಿ ಸುಮ್ನ ಇರಂಗಿಲ್ರಿ," ಮಾನವ್ವ ಪಿಸುಗುಟ್ಟಿದಳು. "ಬಿಟ್ಟವ್ರ ಬಾಯಿ ಹುಡುಕ್ಕೊಂಡ ಬರ್ತೈತಂತ."

"ನನ್ನ ಬಾಯಿ ಭಾಳ ದೊಡ್ಡದೈತಿ, ಯಾವ ಕೀಲಿನೂ ಹತ್ತಂಗಿಲ್ಲ. ನಡೀರಿ."

ಅವರ ಸರದಿ ಬಂದಾಗ ಕರೆಂಟು ಹೋಯಿತು. ಫ್ಯಾನು ನರಳುತ್ತ ನಿಂತಿತು. ಹೊರಗೆ ಮೋಡ ಕವಿದು ಕೋರ್ಟಿನ ಕೋಣೆ ಕಪ್ಪಾಯಿತು. ಎಲ್ಲಿಂದಲೋ ಲೋಬಾನದ ಹೊಗೆ, ಅಗೆದ ಹಸಿಮಣ್ಣಿನ ವಾಸನೆ. ಪ್ರಣೀತಾ ಅರ್ಜಿ ಕೊಟ್ಟಳು.

"ದಾವೆ ಹಿಂದೆ ಪಡೆಯುತ್ತಿದ್ದೀರಿ. ಇನ್ನೇನಾದರೂ ಕೇಳುವುದಿದೆಯೇ?" ನ್ಯಾಯಾಧೀಶರು ಕೇಳಿದರು.

ಖಟ್. ಪ್ರಣೀತಾಳ ಕಿವಿಯೊಳಗೇ ಕೀಲಿ ಬಿದ್ದಂತಾಯಿತು.

ನಾಲಿಗೆಯ ಮೇಲೆ ತುಕ್ಕು. ದವಡೆ ಅಲುಗಲಿಲ್ಲ. ಹೌದೆಂದು ತಲೆಯಾಡಿಸಿದಳು. "ಹೇಳಿ," ಎಂದರು. ಗಂಟಲಲ್ಲಿ ಮಣ್ಣು ತುಂಬುತ್ತಿತ್ತು. ಉಸಿರಿಲ್ಲ. ಪೆನ್ನು ಮುಂದೆಯೇ ಇತ್ತು. ಗಂಟಲು ಹಿಡಿದ ಕೈ ಅತ್ತ ಹೋಗಲಿಲ್ಲ. ಮತ್ತೊಮ್ಮೆ ಕೇಳಿದರು. ಕಾದರು. ಆಮೇಲೆ ಆದೇಶ ಬರೆಸಿದರು.

ಮತ್ತೆ ಹೂಡುವ ಅನುಮತಿಯಿಲ್ಲದೆಯೇ ದಾವೆ ಹೋಯಿತು, ಅದರ ಹಿಂದೆಯೇ ತಡೆಯಾಜ್ಞೆಯೂ ಹೋಯಿತು. ಮಾನವ್ವ ಅವಳನ್ನು ಎಳೆದುಕೊಂಡು ಆಟೋ ಹತ್ತಿದಳು. "ಲಗೂ ಬರ್ರಿ, ಹೊಸ್ತಿಲಾ ಅಗದು ಕೀಲಿ ತಗಿಯೂಣು. ಅಮಾಸಿ ಗಿಮಾಸಿ ಏನೂ ಬ್ಯಾಡ."

ಮನೆಯ ಮುಂದೆ ಮಾನವ್ವನ ಪಾತ್ರೆ, ಹಾಸಿಗೆ ಬೀದಿಪಾಲಾಗಿದ್ದವು. ದ್ಯಾಮಪ್ಪ ಬಾಗಿಲಿಗೆ ಹೊಸ ಕೀಲಿ ಜಡಿದು ತಿರುಗಿದ. ಎಷ್ಟೋ ತಿಂಗಳ ಮೇಲೆ ಅವನ ಬಾಯಿ ಬಿಚ್ಚಿತ್ತು.

"ಒಳಗ ಹೋಗಾಕ ಕೋರ್ಟಿನ ಹುಕುಂ ಬೇಕ್ರಿ ವಕೀಲರ," ಎಂದ, ಮೆಲ್ಲಗೆ, ಒಂದೊಂದು ಮಾತನ್ನೂ ಸವಿಯುತ್ತ. "ಹೋಗಿ ಕೇಳ್ರಿ."

ಮಾನವ್ವ ಪ್ರಣೀತಾಳ ಬಾಯಿಯನ್ನೇ ನೋಡುತ್ತ ಬೀದಿಯಲ್ಲಿ ಕುಸಿದು ಕುಳಿತಳು.