ಹಾರ್ಡ್ ಡಿಸ್ಕಿನ ಮೇಲೆ ಕೂತ ಗಣಪ

ಕಾಂತದರ್ಶಕ ಯಂತ್ರದ ತೋಳು ಆ ಕಪ್ಪು ಡಬ್ಬಿಯ ಮೇಲೆ ಮೆಲ್ಲಗೆ ಸರಿದಾಡುತ್ತಿತ್ತು. ಮುಟ್ಟುವುದಿಲ್ಲ, ಬಿಚ್ಚುವುದಿಲ್ಲ, ಹಾರ್ಡ್ ಡಿಸ್ಕಿನೊಳಗಿನ ತಟ್ಟೆಯ ಮೇಲೆ ಕೋಟ್ಯಂತರ ಪುಟ್ಟ ಅಯಸ್ಕಾಂತಗಳಾಗಿ ಬರೆದಿಟ್ಟದ್ದನ್ನು ಹೊರಗಿನಿಂದಲೇ ಓದಿಬಿಡುತ್ತದೆ. ಹುಬ್ಬಳ್ಳಿಯಲ್ಲಿ ಡಾ. ಶರ್ವಾಣಿ ಹೆಬಸೂರ ಇದನ್ನು ಕಟ್ಟಿ ನಿಲ್ಲಿಸಿದ ಮೇಲೆ, ಸತ್ತವೆಂದು ಮೂಲೆ ಸೇರಿದ್ದ ಡಿಸ್ಕುಗಳೆಲ್ಲ ಬಾಯಿಬಿಡತೊಡಗಿದ್ದವು. ಯಾರದೋ ಮದುವೆ, ಯಾರದೋ ಹೊಲದ ನಕ್ಷೆ, ಯಾರದೋ ಅಜ್ಜನ ನಗು.

ನೀಲಗಂಗವ್ವನ ಡಿಸ್ಕಿನಲ್ಲೂ ಸಿನಿಮಾಗಳೆಲ್ಲ ತೆರೆದುಕೊಂಡವು. ಗಂಡ ಗುರುಪಾದಪ್ಪ ಟ್ಯಾಕ್ಸಿ ಓಡಿಸುವಾಗ ಪ್ರಯಾಣಿಕರಿಗೆಂದು ತುಂಬಿಸಿಟ್ಟಿದ್ದವು ಅವು. ಆದರೆ ‘ನೀಲಾನ ತಲಿ’ ಎಂಬ ಕಡತ ಹೆಸರಷ್ಟೇ ತೋರಿಸಿ, ಜಪ್ಪಯ್ಯ ಅಂದರೂ ತೆರೆಯಲಿಲ್ಲ. ಬೇಕಾದದ್ದು ಅದೊಂದೇ.

ಮೊನ್ನೆ ತಲೆ ಸುತ್ತಿ ಬಿದ್ದಾಗ ಆಕೆಯ ಮಿದುಳಿನಲ್ಲಿ ಕಡಲೆಕಾಳಿನಷ್ಟು ಚುಕ್ಕೆ ಕಂಡಿತ್ತು. ಹೊಸದಾದರೆ ತಲೆಬುರುಡೆ ತೆರೆಯಬೇಕು, ಮಾತು ಹೋದರೂ ಹೋಗಬಹುದು. ಹಳೆಯದಾಗಿ ಹಾಗೇ ಇದ್ದರೆ ಮುಟ್ಟುವುದೇ ಬೇಡ ಎಂದಿದ್ದರು ಸರ್ಜನ್. ಎಷ್ಟೋ ವರ್ಷಗಳ ಹಿಂದೆ, 2026ರಲ್ಲಿ, ಸ್ಕೂಟರಿನಿಂದ ಬಿದ್ದಾಗ ತೆಗೆಸಿದ ಸ್ಕ್ಯಾನ್ ಇದ್ದದ್ದು ಈ ಡಿಸ್ಕಿನಲ್ಲಿ ಮಾತ್ರ. ಆ ಸ್ಕ್ಯಾನಿಂಗ್ ಕೇಂದ್ರ ಎಂದೋ ಮುಚ್ಚಿಹೋಗಿತ್ತು. ಡಿಸ್ಕಿನ ಮೋಟಾರೂ ಕೈಕೊಟ್ಟಿತ್ತು; ಅಂಗಡಿಯವರು ವೈರು ಬದಲಿಸಿ ನೋಡಿ ಕೈಚೆಲ್ಲಿದ್ದರು.

ಪರದೆಯ ಮೇಲೊಂದು ದುಂಡನೆಯ ಮಬ್ಬು. ಶರ್ವಾಣಿ ಹುಬ್ಬು ಗಂಟಿಕ್ಕಿದರು. “ಅಮ್ಮಾರ, ಇದರ ಮ್ಯಾಲ ಏನರ ಇಟ್ಟಿದ್ರೇನ್ರಿ?”

ನೀಲಗಂಗವ್ವನಿಗೆ ನಾಚಿಕೆಯಾಯಿತು. “ಏನ್ ಹೇಳ್ಲಿ ತಂಗಿ, ಗಣಪ್ಪನ್ನ ಕೂಡಿಸಿದ್ರು ನಮ್ಮ ಮನಿಯವ್ರು!”

ಆ ವರ್ಷದ ಆಯುಧ ಪೂಜೆಯಲ್ಲಿ ಟ್ಯಾಕ್ಸಿ, ಜಾಕು, ಪಾನಾಗಳ ಜೊತೆ ಹಾರ್ಡ್ ಡಿಸ್ಕಿಗೂ ಕುಂಕುಮ ಬಿದ್ದಿತ್ತು. ಕಾರಿಗೆ ಹೊಸ ಗಣಪ ಬಂದಿದ್ದ. ಕಾಲಡಿ ಅಯಸ್ಕಾಂತವಿದ್ದ ಹಳೆಯ ಗಣಪನನ್ನು ಪುಣ್ಯಾತ್ಮ ಇದರ ಮುಚ್ಚಳದ ಮೇಲೆ ಕೂರಿಸಿದ್ದ, ಒಳಗಿನದ್ದಕ್ಕೆ ವಿಘ್ನ ಬಾರದಿರಲೆಂದು! ಅವನು ತೀರಿಕೊಳ್ಳುವವರೆಗೂ ಗಣಪ ಅಲ್ಲಿಂದ ಅಲ್ಲಾಡಿರಲಿಲ್ಲ.

ಶರ್ವಾಣಿ ಬಿದ್ದು ಬಿದ್ದು ನಕ್ಕರು. “ಅಂಜಬ್ಯಾಡ್ರಿ. ಇಷ್ಟು ಸಣ್ಣ ಅಯಸ್ಕಾಂತ ಒಳಗಿನ ಬರಹ ಅಳಸಂಗಿಲ್ಲ. ಆದ್ರ ಉಕ್ಕಿನ ಮುಚ್ಚಳಕ್ಕ ಅದರ ಗುಣ ಹತ್ತೇತಿ. ಹೊರಗಿಂದ ಓದೋ ನಮ್ಮ ಯಂತ್ರದ ಕಣ್ಣಿಗೆ ಮಂಜು ಕವಿದಂಗ ಆಗೇತಿ. ಆ ಗಣಪ್ಪ ಈಗ ಎಲ್ಲಿ ಅದಾನ್ರಿ?”

“ದೇವರ ಜಗಲಿ ಮ್ಯಾಲ.”

“ಕರಕೊಂಡ ಬರ್ರಿ. ಅವನ ಶಕ್ತಿ ಎಷ್ಟಂತ ಅಳದು, ಅಷ್ಟನ್ನ ಕಳದು ಓದೂಣು.”

ನೀಲಗಂಗವ್ವ ಆಟೋ ಹಿಡಿದು ಹೋಗಿ, ಸೆರಗಿನಲ್ಲಿ ಗಣಪನನ್ನು ಸುತ್ತಿಕೊಂಡು ಬಂದಳು. ಯಂತ್ರ ಅವನನ್ನು ಸುತ್ತಿ ಸುತ್ತಿ ಅಳೆಯಿತು. ಆಕೆಗೋ ಅದು ಪ್ರದಕ್ಷಿಣೆಯೇ. ಪರದೆಯ ಮಬ್ಬು ಅಂಚಿನಿಂದ ತಿಳಿಯಾಗುತ್ತ ಬಂತು. ಕಡತ ತೆರೆಯಿತು.

ಹರೆಯದ ನೀಲಗಂಗವ್ವನ ತಲೆ. ಅದರೊಳಗೆ, ಅದೇ ಜಾಗದಲ್ಲಿ, ಅದೇ ಕಡಲೆಕಾಳು. ಅಂದು ಎಲ್ಲರೂ ರಕ್ತ ಸೋರಿದೆಯೇ ಎಂದಷ್ಟೇ ಹುಡುಕಿದ್ದರು.

ಚಿತ್ರ ತಲುಪಿದ ಸ್ವಲ್ಪ ಹೊತ್ತಿಗೆ ಸರ್ಜನ್ ಫೋನು ಬಂತು: “ಏನೂ ಬೆಳದಿಲ್ರಿ. ಆಪರೇಶನ್ ಬ್ಯಾಡ.”

ನೀಲಗಂಗವ್ವ ಶರ್ವಾಣಿಯ ಎರಡೂ ಕೈ ಹಿಡಿದು ಗಳಗಳ ಅತ್ತಳು. “ನಿನ್ನ ಹೊಟ್ಟಿ ತಣ್ಣಗಿರಲವಾ!” ಆಮೇಲೆ ಗಣಪನಿಗೂ ಕೈಮುಗಿದಳು. ಅಷ್ಟರಲ್ಲಿ ಇನ್ನೊಬ್ಬನ ನೆನಪಾಯಿತು. ಆ ವರ್ಷದ ದೀಪಾವಳಿಯಲ್ಲಿ ಮನೆ ಸ್ವಚ್ಛ ಮಾಡುತ್ತ ತಾನೇ ಗದರಿದ್ದಳು: “ತಲಿ ಬ್ಯಾನಿ ಹೋದಮ್ಯಾಲ ತಲಿ ಚಿತ್ರ ಯಾಕ? ಅಳಸಿ ಒಗೀರಿ, ಇನ್ನೆರಡು ಸಿನಿಮಾಕ್ಕರ ಜಾಗ ಆಕ್ಕೇತಿ.” ಗುರುಪಾದಪ್ಪ ಜಗಳಕ್ಕಿಳಿಯಲಿಲ್ಲ. “ಇರ್ಲಿ ಬಿಡು” ಎಂದಿದ್ದ, ಅಷ್ಟೆ. ಅದೇ 2026ರಲ್ಲಿ ಜಾಗ ಸಾಲದೆಂದು ಎಷ್ಟು ಮನೆಗಳಲ್ಲಿ ಎಷ್ಟು ಬೆರಳುಗಳು ಏನೇನನ್ನು ಅಳಿಸಿ ಹಾಕಿದವೋ! ಅವನ್ನು ಮರಳಿ ತರುವ ಯಂತ್ರ ಶರ್ವಾಣಿಯ ಬಳಿಯೂ ಇರಲಿಲ್ಲ.

ಶರ್ವಾಣಿ ಪರದೆಯತ್ತ ತಿರುಗಿದರು. “ಅಮ್ಮಾರ, ನಿಮ್ಮ ಪ್ರತಿ ನಿಮಗ ಕೊಟ್ಟೀನಿ. ಕೆಲಸ ಮುಗದಮ್ಯಾಲ ನಮ್ಮ ಯಂತ್ರದಾಗಿಂದು ಅಳಸೋದು ಇಲ್ಲಿ ಪದ್ಧತಿ. ಅಳಸ್ಲೇನ್ರಿ?”

ನೀಲಗಂಗವ್ವ ಕಣ್ಣೊರೆಸಿಕೊಂಡಳು.

“ಇರ್ಲಿ ಬಿಡು, ತಂಗಿ.”